ಎರಡನೆಯ ಪ್ರತಿ ಎಲ್ಲಿದೆ?

ಕಳೆದ ಬೇಸಿಗೆಯ ಒಂದು ಬೆಳಗಿನಲ್ಲಿ ಶಹಾಪುರದಿಂದ ಯಾದಗಿರಿಗೆ ಹೊರಟ ಬಸ್ಸಿನಲ್ಲಿ ನಾನೂ ನನ್ನ ಸೋದರಮಾವನವರೂ ಕುಳಿತಿದ್ದೆವು. ಮಾವನವರ ತೊಡೆಯ ಮೇಲೆ ಹಳೆಯ ಚಾದರದಲ್ಲಿ ಸುತ್ತಿ ಕಟ್ಟಿದ ದೊಡ್ಡದೊಂದು ಗಂಟು ಇದ್ದಿತು. ಅದನ್ನು ಕೆಳಗಿಡಿರೆಂದು ನಾನು ಎರಡು ಸಲ ಹೇಳಿದೆ, ಅವರು ಕೇಳಲಿಲ್ಲ. ಟಿಕೆಟು ಕೊಡಲು ಬಂದ ಕಂಡಕ್ಟರನು ಗಂಟನ್ನೊಮ್ಮೆ, ಅವರ ಮುಖವನ್ನೊಮ್ಮೆ ನೋಡಿ, "ಏನ್ರೀ ಮಾಸ್ತರ್ರ, ದೇವರನ್ನ ಹೊಳಿಗಿ ಒಯ್ಲಾಕತ್ತೀರೇನು?" ಎಂದು ಕೇಳಿದನು. ಸುತ್ತಲಿದ್ದ ನಾಲ್ಕಾರು ಜನ ನಕ್ಕರು. ಮಾವನವರು ನಗಲಿಲ್ಲ. ಭೀಮೆಯ ಸೇತುವೆ ದಾಟುವವರೆಗೂ ಕಿಟಕಿಯ ಹೊರಗೆ ನೋಡುತ್ತ ಸುಮ್ಮನೆ ಕುಳಿತಿದ್ದರು.

ಗಂಟಿನೊಳಗೆ ಇದ್ದುದು ಅವರ ಮನೆಯ ಕಂಪ್ಯೂಟರಿನ ಪೆಟ್ಟಿಗೆ.

ಮನೆಗೆ ಬೇಕಾದ ಹೊಸ ಸಾಧನಗಳ ಗುಣದೋಷಗಳನ್ನು ಕುರಿತು ಈ ಅಂಕಣದಲ್ಲಿ ನಾವು ಮಾತನಾಡಿಕೊಳ್ಳುವುದು ವಾಚಕರಿಗೆ ತಿಳಿದೇ ಇದೆ. ಈ ವಾರ, ಕಂಪ್ಯೂಟರಿನಲ್ಲಿಟ್ಟ ವಸ್ತುವನ್ನು ಕಾಯುವ ಮತ್ತು ಕಳೆದುಹೋದರೆ ಹಿಂದಕ್ಕೆ ತಂದುಕೊಡುವ ತಂತ್ರಾಂಶಗಳ ವಿಷಯವನ್ನು ಎತ್ತಿಕೊಂಡಿದ್ದೇನೆ. ಈಚಿನ ವರ್ಷಗಳಲ್ಲಿ ಅವುಗಳಲ್ಲಿ ಬಂದಿರುವ ಅನುಕೂಲಗಳು ಹಲವು. ಆದರೆ ಅವುಗಳ ಬೆಲೆ ನನಗೆ ನಿಜವಾಗಿ ತಿಳಿದದ್ದು ಆ ಬಸ್ಸಿನಲ್ಲಿ. ಆದ್ದರಿಂದ ಮಾವನವರ ಕಥೆಯನ್ನೇ ಮೊದಲು ಹೇಳಿಬಿಡುತ್ತೇನೆ.

ಮಾವನವರು ಕನ್ನಡ ಉಪಾಧ್ಯಾಯರಾಗಿ ಶಹಾಪುರ, ಸುರಪುರ ತಾಲ್ಲೂಕುಗಳ ಹಳ್ಳಿಗಳಲ್ಲಿ ಮೂವತ್ತು ವರ್ಷಕ್ಕೂ ಮಿಕ್ಕಿ ದುಡಿದು ನಿವೃತ್ತರಾದವರು. ವರ್ಗವಾಗಿ ಹೋದ ಊರಿನಲ್ಲೆಲ್ಲ ಅವರು ಮೊದಲು ಹುಡುಕುತ್ತಿದ್ದುದು ಬಾಡಿಗೆಯ ಮನೆಯನ್ನಲ್ಲ, ಹಾಡು ಬಲ್ಲ ಮುದುಕಿಯರನ್ನು. ಬೀಸುವ ಪದ, ಕುಟ್ಟುವ ಪದ, ಸೋಬಾನೆ, ಮೊಹರಮ್ಮಿನ ಪದ - ಹೀಗೆ ಇನ್ನೂರಕ್ಕೂ ಹೆಚ್ಚು ಹಾಡುಗಳನ್ನು ನೋಟುಪುಸ್ತಕಗಳಲ್ಲಿ ಬರೆದಿಟ್ಟಿದ್ದರು. ನಿವೃತ್ತಿಯಾದ ಮೇಲೆ ಕಂಪ್ಯೂಟರು ಕೊಂಡು, ಎರಡು ಬೆರಳಿನಲ್ಲಿ ಒತ್ತಿ ಒತ್ತಿ, ಎಲ್ಲವನ್ನೂ ಅದರೊಳಕ್ಕೆ ಏರಿಸಿದರು. ಆಮೇಲೆ ಮೊಬೈಲು ಬಂದಿತು. ಉಳಿದಿದ್ದ ಹಾಡುಗಾರ್ತಿಯರ ಮನೆಗೆ ಮತ್ತೆ ಹೋಗಿ ಅವರ ಕಂಠವನ್ನೇ ಹಿಡಿದು ತಂದರು. ಅವರಲ್ಲಿ ಈಗ ಬದುಕಿರುವವರನ್ನು ಒಂದು ಕೈಯ ಬೆರಳುಗಳಲ್ಲಿ ಎಣಿಸಬಹುದು. ನನ್ನ ಅಜ್ಜಿ, ಎಂದರೆ ಮಾವನವರ ತಾಯಿ, ತೀರಿಕೊಳ್ಳುವುದಕ್ಕೆ ಮುಂಚಿನ ಯುಗಾದಿಯಂದು ಹಾಡಿದ್ದ ಒಂದು ಬೀಸುವ ಪದವೂ ಆ ಪೆಟ್ಟಿಗೆಯಲ್ಲಿಯೇ ಇದ್ದಿತು. ನೋಟುಪುಸ್ತಕಗಳೆಲ್ಲಿ ಎಂದು ಕೇಳುವಿರಾ? ಕಂಪ್ಯೂಟರಿನಲ್ಲಿ ಎಲ್ಲ ಬಂದ ಮೇಲೆ ಕಪಾಟಿನಲ್ಲಿ ಧೂಳು ಹಿಡಿಯುವುದೇಕೆಂದು ಒಂದು ದೀಪಾವಳಿಯ ಸಮಯದಲ್ಲಿ ರದ್ದಿಗೆ ಹೋಗಿದ್ದವು.

ಧ್ವನಿಮುದ್ರಣಗಳಲ್ಲಿ ಕೋಳಿ ಕೂಗುವುದೂ ಹಿಟ್ಟಿನ ಗಿರಣಿ ತಿರುಗುವುದೂ ಕೂಡಿಕೊಂಡು ಕೇಳಿಸುತ್ತಿದ್ದಿತು. ಆ ಗದ್ದಲವನ್ನು ತೆಗೆದುಹಾಕುವ ತಂತ್ರಾಂಶವೊಂದು ಉಂಟೆಂದೂ, ಬೆಲೆ ಬಹಳವಾದರೂ ಪುಕ್ಕಟೆಯಾಗಿ ಸಿಕ್ಕುವ ಜಾಗ ತನಗೆ ಗೊತ್ತೆಂದೂ ಓಣಿಯ ಹುಡುಗನೊಬ್ಬ ಹೇಳಿದನು. ಪಾಪ, ಅವನದು ಸದುದ್ದೇಶವೇ. ಇಳಿಸಿಕೊಂಡ ಕಡತವು ಮೊದಲ ಮಾತಿನಲ್ಲಿಯೇ "ನಿಮ್ಮ ಆಂಟಿವೈರಸ್ಸನ್ನು ಆರಿಸಿರಿ" ಎಂದು ಕೇಳಿತು, ಇವರು ಆರಿಸಿದರು. ಮನೆಯೊಳಕ್ಕೆ ಬರುವವನು ನಾಯಿಯನ್ನು ಕಟ್ಟಿಹಾಕು ಎಂದು ಬಾಗಿಲಲ್ಲೇ ಹೇಳಿದರೆ ನಾವು ಏನೆಂದುಕೊಳ್ಳುತ್ತೇವೆ? ಕಂಪ್ಯೂಟರಿನ ಮುಂದೆ ಕುಳಿತಾಗ ಮಾತ್ರ ಆ ವಿವೇಕ ಎಲ್ಲಿಗೋ ಹೋಗಿಬಿಡುತ್ತದೆ. ಮರುದಿನ ಬೆಳಿಗ್ಗೆ ಪ್ರತಿಯೊಂದು ಕಡತದ ಹೆಸರಿಗೂ ಅರ್ಥವಿಲ್ಲದ ಒಂದು ಬಾಲ ಅಂಟಿಕೊಂಡಿದ್ದಿತು. ಪ್ರತಿಯೊಂದು ಫೋಲ್ಡರಿನಲ್ಲಿಯೂ ಒಂದು ಚೀಟಿ: ಡಾಲರುಗಳಲ್ಲಿ ಇಷ್ಟು ಹಣ ಕೊಟ್ಟರೆ ಕೀಲಿಕೈ ಕೊಡುತ್ತೇವೆ.

ಯಾದಗಿರಿಯ ಅಂಗಡಿಯ ತರುಣನು ಅರ್ಧ ಗಂಟೆ ಯಂತ್ರವನ್ನು ನೋಡಿ, ಮಾವನವರಿಗೆ ತಿಳಿಯುವಂತೆ ಹೇಳಿದ ಮಾತನ್ನು ನಾನು ಮರೆತಿಲ್ಲ. "ಮಾಸ್ತರ್ರ, ಕಳ್ಳ ಬಂದು ಸಾಮಾನು ಒಯ್ದಿಲ್ರೀ. ಸಾಮಾನೆಲ್ಲಾ ಮನಿಯಾಗೇ ಅದ. ಖೋಲಿಗಿ ತನ್ನ ಕೀಲಿ ಜಡದು ಹೋಗ್ಯಾನ, ಅಷ್ಟೇ."

"ಆ ಕೀಲಿ ಒಡಿಲಾಕ ಬರಂಗಿಲ್ಲೇನಪಾ?" ಎಂದರು ಮಾವನವರು.

"ಇಲ್ರೀ. ಅದು ನನ್ನ ಕೈಲಿ ಆಗೂದಲ್ಲ. ಯಾರ ಕೈಲೂ ಆಗೂದಲ್ಲ."

ಈ ಬಗೆಯ ದುಷ್ಟ ತಂತ್ರಾಂಶಕ್ಕೆ ರ‍್ಯಾನ್ಸಮ್‌ವೇರ್ ಎಂದು ಹೆಸರು. ಒತ್ತೆಹಣ ಕೇಳುವುದರಿಂದ ಆ ಹೆಸರು. 2017ರ ಮೇ 12ರಂದು ವಾನಾಕ್ರೈ ಎಂಬುದೊಂದು ನೂರೈವತ್ತು ದೇಶಗಳಲ್ಲಿ ಹರಡಿ, ಇಂಗ್ಲೆಂಡಿನ ಆಸ್ಪತ್ರೆಗಳು ಸಹ ರೋಗಿಗಳನ್ನು ಹಿಂದಕ್ಕೆ ಕಳುಹಿಸುವಂತಾದುದು ಅನೇಕರಿಗೆ ನೆನಪಿರಬಹುದು. ಅದು ನುಗ್ಗಿದ ಬಿರುಕನ್ನು ಮುಚ್ಚುವ ತೇಪೆಯನ್ನು ಮೈಕ್ರೋಸಾಫ್ಟ್ ಸಂಸ್ಥೆಯು ಎರಡು ತಿಂಗಳ ಹಿಂದೆಯೇ ಕೊಟ್ಟಿದ್ದಿತು; ಹಾಕಿಕೊಳ್ಳದವರು ಸಿಕ್ಕಿಬಿದ್ದರು. 2016ರ ಜುಲೈಯಲ್ಲಿ ನೆದರ್ಲೆಂಡ್ಸಿನ ಪೊಲೀಸರೂ ಯೂರೋಪಿನ ಪೊಲೀಸ್ ಒಕ್ಕೂಟವೂ ಎರಡು ಭದ್ರತಾ ಸಂಸ್ಥೆಗಳೊಡನೆ ಕೂಡಿ "ನೋ ಮೋರ್ ರ‍್ಯಾನ್ಸಮ್" ಎಂಬ ತಾಣವನ್ನು ತೆರೆದರು. ಪೊಲೀಸರ ಕೈಗೆ ಸಿಕ್ಕಿದ, ಪರಿಣತರು ಕಂಡುಹಿಡಿದ ಕೀಲಿಕೈಗಳನ್ನು ಅಲ್ಲಿ ಪುಕ್ಕಟೆಯಾಗಿ ಕೊಡುತ್ತಾರೆ. ಆ ತರುಣನು ನಮ್ಮ ಮುಂದೆಯೇ ಅಲ್ಲಿ ಹುಡುಕಿದನು. ಮಾವನವರ ಪೆಟ್ಟಿಗೆಗೆ ಬಿದ್ದ ಬೀಗಕ್ಕೆ ಅಲ್ಲಿ ಕೈ ಇರಲಿಲ್ಲ. ಹಣ ಕೊಟ್ಟುಬಿಡೋಣವೆಂದು ಮಾವನವರು ಒಂದು ಗಳಿಗೆ ಹಟ ಹಿಡಿದರು. ನಾನು ಬೇಡವೆಂದೆ. ಕೊಟ್ಟ ಮೇಲೂ ಕೀಲಿಕೈ ಬಾರದಿರಬಹುದು. ಬಂದರೂ, ಈ ಮನೆಯವರು ಹಣ ಕೊಡುವವರೆಂದು ಬಾಗಿಲಿಗೆ ಗುರುತು ಹಾಕಿಸಿಕೊಂಡಂತೆ. ಸರ್ಕಾರದ ಸೈಬರ್ ಅಪರಾಧಗಳ ತಾಣದಲ್ಲಿ ದೂರು ದಾಖಲಿಸಿದೆವು. (ಹಣವೇ ಕೈಬಿಟ್ಟುಹೋದ ಸಂದರ್ಭದಲ್ಲಿ 1930 ಎಂಬ ಸಂಖ್ಯೆಗೆ ಕೂಡಲೆ ಕರೆ ಮಾಡಬೇಕೆಂಬುದನ್ನು ಗೃಹಿಣಿಯರು ಗೋಡೆಯ ಪಂಚಾಂಗದ ಮೇಲೆ ಬರೆದಿಟ್ಟುಕೊಳ್ಳಲಿ.)

"ಬ್ಯಾಕಪ್ ಇಲ್ಲೇನ್ರೀ?" ಎಂದು ತರುಣನು ಕೇಳಿದಾಗ ಮಾವನವರ ಮುಖ ಸ್ವಲ್ಪ ಅರಳಿತು. ಇದೆ! ಪುಣೆಯಲ್ಲಿರುವ ಮಗಳ ಒತ್ತಾಯದಿಂದ ಎರಡು ವರ್ಷಗಳ ಹಿಂದೆಯೇ ಹೊರಗಿನಿಂದ ಜೋಡಿಸುವ ಹಾರ್ಡ್ ಡಿಸ್ಕನ್ನು ಕೊಂಡಿದ್ದರು. ಚಾದರದ ಇನ್ನೊಂದು ಮೂಲೆಯಿಂದ ಅದೂ ಹೊರಬಿದ್ದಿತು. ಜೋಡಿಸಿ ನೋಡಿದರೆ ಅದರಲ್ಲಿಯೂ ಅದೇ ಬಾಲಗಳು, ಅದೇ ಚೀಟಿ. ಕೊಂಡ ದಿನ ಯಂತ್ರದ ಬೆನ್ನಿಗೆ ಸಿಕ್ಕಿಸಿದುದನ್ನು ಅವರು ಒಂದು ದಿನವೂ ಬಿಚ್ಚಿರಲಿಲ್ಲ. ಮನೆಗೆ ನುಗ್ಗಿದವನ ಕಣ್ಣಿಗೆ ಅದು ಇನ್ನೊಂದು ಕೋಣೆಯಾಗಿ ಕಂಡಿತೇ ಹೊರತು ಇನ್ನೊಂದು ಮನೆಯಾಗಿ ಕಾಣಲಿಲ್ಲ.

ಇಲ್ಲಿಯೇ ಮುಖ್ಯವಾದ ಮಾತಿರುವುದು. ಪ್ರತಿ ಇದೆ ಎಂಬುದು ಬೇರೆ, ಹಿಂದಕ್ಕೆ ಬರುತ್ತದೆ ಎಂಬುದು ಬೇರೆ. ಮೊದಲನೆಯದನ್ನು ತಂತ್ರಾಂಶ ಮಾಡಬಲ್ಲದು. ಎರಡನೆಯದು ಇಂದಿಗೂ ಮನೆಯವರ ಕೆಲಸವಾಗಿ ಉಳಿದಿದೆ. ಈ ದೃಷ್ಟಿಯಿಂದ ಹೊಸ ಅನುಕೂಲಗಳನ್ನು ಒಮ್ಮೆ ನೋಡೋಣ.

ನಮ್ಮ ಮನೆಗಳಲ್ಲಿ ಹೆಚ್ಚಾಗಿರುವುದು ವಿಂಡೋಸ್ ಯಂತ್ರಗಳು. ಅವುಗಳಲ್ಲಿ ಡಿಫೆಂಡರ್ ಎಂಬ ಕಾವಲುಗಾರ ಯಂತ್ರದೊಡನೆಯೇ ಬರುತ್ತಾನೆ. ಬೇರೆ ಯಾವುದೋ ತಂತ್ರಾಂಶ ಬಂದು ಅವನನ್ನು ಮಲಗಿಸದಂತೆ ತಡೆಯುವ ವ್ಯವಸ್ಥೆಯೂ 2019ರಿಂದ ಇದೆ. ಆದರೆ ಮನೆಯ ಯಜಮಾನನೇ ಮಲಗು ಎಂದರೆ ಅವನೇನು ಮಾಡಿಯಾನು? 2017ರ ಕೊನೆಯಲ್ಲಿ ಬಂದ ಇನ್ನೊಂದು ಅನುಕೂಲದ ಹೆಸರು ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್. ನಾವು ಗುರುತು ಮಾಡಿದ ಫೋಲ್ಡರುಗಳಲ್ಲಿರುವ ಕಡತಗಳನ್ನು ಪರಿಚಿತ ತಂತ್ರಾಂಶಗಳ ಹೊರತು ಬೇರೆ ಯಾವುದೂ ಮುಟ್ಟಿ ಬದಲಿಸಲಾಗದಂತೆ ಇದು ತಡೆಯುತ್ತದೆ. ಅಡುಗೆಮನೆಗೆ ಮಡಿಯಲ್ಲಿರುವವರೇ ಬರಬೇಕೆಂದು ನಮ್ಮ ಅಜ್ಜಿ ಇಟ್ಟಿದ್ದ ಕಟ್ಟುಪಾಡನ್ನು ಇದು ನೆನಪಿಗೆ ತರುತ್ತದೆ. ಇದರ ವಿಚಿತ್ರವೆಂದರೆ, ನಾವಾಗಿ ಹೋಗಿ ಹಚ್ಚುವವರೆಗೆ ಇದು ಆರಿಯೇ ಇರುತ್ತದೆ. ವಿಂಡೋಸ್ ಸೆಕ್ಯುರಿಟಿ ಎಂಬಲ್ಲಿ, ವೈರಸ್ ಮತ್ತು ಅಪಾಯಗಳ ಪುಟದ ಕೆಳತುದಿಯಲ್ಲಿ, ರ‍್ಯಾನ್ಸಮ್‌ವೇರ್ ಪ್ರೊಟೆಕ್ಷನ್ ಎಂಬ ಹೆಸರಿನಡಿ ಅಡಗಿ ಕುಳಿತಿದೆ. ಹಚ್ಚಿದ ಮೊದಲ ವಾರ ಒಂದೆರಡು ಸಾಧುವಾದ ತಂತ್ರಾಂಶಗಳನ್ನೂ ತಡೆದು ಕಿರಿಕಿರಿ ಮಾಡಬಹುದು. ಅವಕ್ಕೆ ಅನುಮತಿ ಕೊಟ್ಟರಾಯಿತು. ಬೇರೆ ಆಂಟಿವೈರಸ್ಸನ್ನು ಹಾಕಿಕೊಂಡಿರುವ ಮನೆಗಳಲ್ಲಿ ಇದು ಕೆಲಸ ಮಾಡುವುದಿಲ್ಲ. ಅಂಥವರು ತಮ್ಮ ತಂತ್ರಾಂಶದಲ್ಲಿ ಇದಕ್ಕೆ ಸಮನಾದುದು ಇದೆಯೇ ಎಂದು ನೋಡಿಕೊಳ್ಳಬೇಕು.

ಫೈಲ್ ಹಿಸ್ಟರಿ ಎಂಬುದು 2012ರಿಂದಲೇ ಇದ್ದರೂ ಬಳಸುವವರನ್ನು ನಾನು ಹೆಚ್ಚು ಕಂಡಿಲ್ಲ. ಹೊರಗಿನ ಡಿಸ್ಕು ಜೋಡಿಸಿದ್ದರೆ ಗಂಟೆಗೊಮ್ಮೆ, ಬದಲಾದ ಕಡತಗಳ ಪ್ರತಿಯನ್ನು ಅದು ತೆಗೆದಿಡುತ್ತದೆ. ಹಳೆಯ ಪ್ರತಿಯನ್ನು ಅಳಿಸದೆ ಅದರ ಪಕ್ಕದಲ್ಲಿ ಹೊಸದನ್ನು ಇಡುತ್ತದೆ. ನಿನ್ನೆಯ ಲೆಕ್ಕ, ಮೊನ್ನೆಯ ಲೆಕ್ಕ, ಹೋದ ತಿಂಗಳ ಲೆಕ್ಕ, ಎಲ್ಲವೂ ದೊರೆಯುತ್ತವೆ. ಕೆಡುಕು ಕಣ್ಣಿಗೆ ಬೀಳುವುದು ಅದು ನಡೆದ ಎಷ್ಟೋ ದಿನಗಳ ಮೇಲಾದ್ದರಿಂದ ಈ ಹಳೆಯ ಪ್ರತಿಗಳೇ ನಿಜವಾದ ಆಸ್ತಿ. ಆದರೆ ಆ ಡಿಸ್ಕು ಸದಾ ಸಿಕ್ಕಿಸಿಯೇ ಇದ್ದರೆ ಏನಾಗುವುದೆಂದು ಮಾವನವರನ್ನು ಕೇಳಿರಿ.

ಆಕಾಶದಲ್ಲೆಲ್ಲೋ ಇಟ್ಟಂತೆ "ಕ್ಲೌಡ್" ಎಂದು ಹೆಸರಿಟ್ಟಿರುವ ದೂರದ ಉಗ್ರಾಣಗಳು ಈಗ ಎಲ್ಲರ ಬಾಯಲ್ಲಿಯೂ ಇವೆ. 2023ರಿಂದ ವಿಂಡೋಸಿನಲ್ಲಿಯೇ ಒಂದು ಬ್ಯಾಕಪ್ ತಂತ್ರಾಂಶ ಬರುತ್ತಿದ್ದು ಅದು ಒನ್‌ಡ್ರೈವಿಗೆ ಕಳುಹಿಸುತ್ತದೆ. ಪುಕ್ಕಟೆಯ ಸ್ಥಳ 5 ಜಿಬಿ ಮಾತ್ರ. ಗೂಗಲಿನದು 15 ಜಿಬಿ, 2021ರ ಜೂನ್ 1ರಿಂದ ಹೊಸ ಚಿತ್ರಗಳೂ ಅದರಲ್ಲಿಯೇ ಲೆಕ್ಕಕ್ಕೆ ಬರುತ್ತವೆ. ಇದರಲ್ಲಿ ಒಂದು ಭ್ರಾಂತಿಯನ್ನು ಕಳೆಯಬೇಕಾಗಿದೆ. ಎರಡು ಕಡೆ ಒಂದೇ ರೀತಿ ಕಾಣುವಂತೆ ಹೊಂದಿಸುವುದು ಬ್ಯಾಕಪ್ ಅಲ್ಲ. ಕನ್ನಡಿಯ ಮುಂದೆ ನಿಂತು ಬಳೆ ಒಡೆದುಕೊಂಡರೆ ಕನ್ನಡಿಯೊಳಗಿನ ಬಳೆಯೂ ಒಡೆಯುತ್ತದೆ. ಇಲ್ಲಿ ಅಳಿಸಿದರೆ ಅಲ್ಲಿಯೂ ಅಳಿಯುತ್ತದೆ. ಗೂಗಲ್ ಡ್ರೈವಿನ ಕಸದ ಬುಟ್ಟಿಯಲ್ಲಿ 30 ದಿನ ಇದ್ದು ಆಮೇಲೆ ಇಲ್ಲವಾಗುತ್ತದೆ. ಒನ್‌ಡ್ರೈವಿಗೆ ಚಂದಾ ಕಟ್ಟುವವರಿಗೆ ಮಾತ್ರ, ಹಿಂದಿನ 30 ದಿನಗಳಲ್ಲಿ ಯಾವ ಗಳಿಗೆಗೆ ಬೇಕೋ ಆ ಗಳಿಗೆಗೆ ಇಡೀ ಉಗ್ರಾಣವನ್ನು ಹಿಂದಕ್ಕೆ ತಿರುಗಿಸುವ ಸೌಕರ್ಯವಿದೆ. ಬಹಳ ಒಳ್ಳೆಯ ಸೌಕರ್ಯ. 30 ದಿನಗಳೊಳಗೆ ನಮಗೆ ಎಚ್ಚರವಾಗಬೇಕು, ಅಷ್ಟೆ.

ಇನ್ನು ಬೀಗಗಳ ವಿಷಯ. ಕಳ್ಳನು ಹಾಕುವ ಬೀಗದಂತೆಯೇ ನಮ್ಮ ಒಳಿತಿಗೆಂದು ತಂತ್ರಾಂಶವೇ ಹಾಕುವ ಬೀಗಗಳೂ ಹೆಚ್ಚುತ್ತಿವೆ. ವಿಂಡೋಸ್ 11ರ 2024ರ ಆವೃತ್ತಿಯಿಂದೀಚೆಗೆ, ಹೊಸದಾಗಿ ಸಿದ್ಧಗೊಳಿಸಿದ ಅನೇಕ ಯಂತ್ರಗಳಲ್ಲಿ, ಮೈಕ್ರೋಸಾಫ್ಟ್ ಖಾತೆಯಿಂದ ಪ್ರವೇಶಿಸಿದೊಡನೆ ಡಿಸ್ಕಿನಲ್ಲಿರುವುದೆಲ್ಲ ತಾನಾಗಿಯೇ ಗೂಢಲಿಪಿಗೆ ತಿರುಗುತ್ತದೆ. ಯಂತ್ರ ಕಳುವಾದರೂ ಕದ್ದವನಿಗೆ ಒಳಗಿನದು ಸಿಕ್ಕುವುದಿಲ್ಲ. ಒಳ್ಳೆಯದೇ. ಆದರೆ ಯಂತ್ರವೇ ಕೆಟ್ಟು, ಡಿಸ್ಕನ್ನು ಬೇರೆಯದಕ್ಕೆ ಜೋಡಿಸಬೇಕಾಗಿ ಬಂದಾಗ 48 ಅಂಕಿಗಳ ಒಂದು ಕೀಲಿಕೈಯನ್ನು ಅದು ಕೇಳುತ್ತದೆ. ಅದು ಇರುವುದು ಆ ಖಾತೆಯಲ್ಲಿ. ಆ ಖಾತೆಯನ್ನು ಅಂಗಡಿಯ ಹುಡುಗನು ತನ್ನ ಮನಸ್ಸಿಗೆ ತೋಚಿದ ಹೆಸರಿನಲ್ಲಿ ತೆರೆದಿದ್ದರೆ? ವಾಟ್ಸ್ಆ್ಯಪ್ಪಿನಲ್ಲಿಯೂ 2021ರಿಂದ ಬ್ಯಾಕಪ್ಪಿಗೆ ಇಂಥ ಬೀಗ ಹಾಕುವ ಅವಕಾಶವಿದೆ. ಸಂಕೇತಪದ ಅಥವಾ 64 ಅಂಕಾಕ್ಷರಗಳ ಕೀಲಿಕೈಯನ್ನು ಕಳೆದುಕೊಂಡರೆ ಆ ಸಂಸ್ಥೆಯವರೂ ತೆರೆದುಕೊಡಲಾರರು. ಯಜಮಾನರೊಬ್ಬರ ತಲೆಯಲ್ಲಿ ಮಾತ್ರ ಇರುವ ಸಂಕೇತಪದವು ಅವರೊಡನೆಯೇ ಹೊರಟುಹೋಗುತ್ತದೆ. ಅಶುಭವನ್ನು ನುಡಿಯಬಾರದು, ನಿಜ. ಆದರೂ ಮನೆಪತ್ರ, ವಿಮೆಯ ಕಾಗದಗಳನ್ನಿಡುವ ಟ್ರಂಕಿನಲ್ಲಿ, ಕಾಗದದ ಮೇಲೆ ಮಸಿಯಿಂದ, ಈ ಅಂಕಿಗಳನ್ನು ಬರೆದಿಟ್ಟು ಮನೆಯಾಕೆಗೂ ಬೆಳೆದ ಮಕ್ಕಳಿಗೂ ತೋರಿಸಿಡುವುದು ಕ್ಷೇಮ.

ಮಾವನವರ ಹಳೆಯ ಯಂತ್ರವು ವಿಂಡೋಸ್ 10ರದು. 2025ರ ಅಕ್ಟೋಬರ್ 14ರಂದು ಅದಕ್ಕೆ ಸಾಮಾನ್ಯ ಬೆಂಬಲ ನಿಂತಿತೆಂಬುದನ್ನೂ ಇಲ್ಲಿ ಸೇರಿಸಿಬಿಡುತ್ತೇನೆ. ಅಂಥ ಯಂತ್ರ ಇನ್ನೂ ಇರುವವರು ಅದರಲ್ಲಿ ಬ್ಯಾಂಕಿನ ವ್ಯವಹಾರ ಮಾಡದಿರುವುದು ಮೇಲು.

ಶಹಾಪುರಕ್ಕೆ ಹೋದಾಗ ನಾನು ಸನ್ನತಿಗೆ ಹೋಗಿಬರುವುದುಂಟು. ಕಲಬುರಗಿ ಜಿಲ್ಲೆಗೆ ಸೇರಿದ, ಭೀಮೆಯ ದಂಡೆಯ ಮೇಲಿನ ಊರು ಅದು. ಆ ಸಲವೂ ಮಾವನವರ ಮನಸ್ಸಿಗೆ ಸ್ವಲ್ಪ ಬದಲಾವಣೆಯಾಗಲೆಂದು ಅವರನ್ನು ಕರೆದುಕೊಂಡು ಹೋದೆ. 1986ರಲ್ಲಿ ಅಲ್ಲಿಯ ಚಂದ್ರಲಾಂಬೆಯ ದೇವಸ್ಥಾನದ ಆವರಣದಲ್ಲಿದ್ದ ಕಾಳಿಯ ಗುಡಿಯ ಛಾವಣಿ ಕುಸಿದಾಗ, ವಿಗ್ರಹಕ್ಕೆ ಪೀಠವಾಗಿದ್ದ ಹಾಸುಗಲ್ಲಿನ ಮೇಲೆ ಅಶೋಕನ ಶಾಸನಗಳಿರುವುದು ಬೆಳಕಿಗೆ ಬಂದಿತು. ಎರಡು ಸಾವಿರದ ಇನ್ನೂರು ವರ್ಷಗಳ ಹಿಂದಿನ ಬ್ರಾಹ್ಮೀ ಅಕ್ಷರಗಳು. ಅದು ಏನೆಂದು ತಿಳಿಯದ ಕಾಲದಲ್ಲಿ ಯಾರೋ ವಿಗ್ರಹವನ್ನು ನಿಲ್ಲಿಸಲು ಕಲ್ಲಿನ ನಡುವೆ ಚೌಕನೆಯ ರಂಧ್ರ ಕೊರೆದಿದ್ದರು. ಅಲ್ಲಿದ್ದ ಅಕ್ಷರಗಳು ಹೋದವು. ಆದರೂ ಹೋದುದು ಏನೆಂಬುದನ್ನು ವಿದ್ವಾಂಸರು ಬಹುಮಟ್ಟಿಗೆ ಊಹಿಸಬಲ್ಲರು. ಏಕೆಂದರೆ ಆ ಕಲ್ಲಿನ ನಾಲ್ಕು ಶಾಸನಗಳಲ್ಲಿ ಎರಡು ಒಡಿಶಾದ ಧೌಲಿ, ಜೌಗಡಗಳ ಬಂಡೆಗಳ ಮೇಲೂ, ಉಳಿದೆರಡು ಗುಜರಾತಿನ ಗಿರಿನಾರ್ ಮೊದಲಾದ ಕಡೆಗಳಲ್ಲಿಯೂ ಇವೆ. ಭೀಮೆಯ ದಂಡೆಯಲ್ಲಿ ಏನೇ ಆದರೂ ಧೌಲಿಯ ಬಂಡೆಗೆ ಏನೂ ಆಗುವುದಿಲ್ಲ. ಮಾವನವರು ಆ ರಂಧ್ರದ ಮುಂದೆ ಬಹಳ ಹೊತ್ತು ನಿಂತಿದ್ದರು. ಆಮೇಲೆ ಇದ್ದಕ್ಕಿದ್ದಂತೆ, "ಅಳಿಯಾ, ಸುರಪುರದಾಗ ಒಂದು ಪೆನ್‌ಡ್ರೈವ್ ಅದ ನೋಡು" ಎಂದರು.

ಮೂರು ವರ್ಷಗಳ ಹಿಂದೆ ಹಾಡುಗಳನ್ನು ಪುಸ್ತಕವಾಗಿ ತರಬೇಕೆಂದು ಸುರಪುರದ ಡಿಟಿಪಿಯವರೊಬ್ಬರಿಗೆ ಎಲ್ಲ ಬರಹವನ್ನೂ ಕೊಟ್ಟಿದ್ದರಂತೆ. ಹಣದ ಅನುಕೂಲವಾಗದೆ ಕೆಲಸ ನಿಂತಿದ್ದಿತು. ಮರುದಿನವೇ ಹೋದೆವು. ಆ ಪುಣ್ಯಾತ್ಮರು ಮೇಜಿನ ಖಾನೆಯಲ್ಲಿ, ರಬ್ಬರ್ ಬ್ಯಾಂಡು ಸುತ್ತಿ, ಮೇಲೆ ಚೀಟಿ ಅಂಟಿಸಿ, ಅದನ್ನು ಇಟ್ಟುಕೊಂಡಿದ್ದರು. ತಂದು ಹೊಸ ಯಂತ್ರದಲ್ಲಿ ತೆರೆದರೆ ಪುಟದ ತುಂಬ ಇಂಗ್ಲಿಷ್ ಅಕ್ಷರಗಳ ಚಿತ್ತು! ಅತ್ತೆಯವರು ಅಳುವುದಕ್ಕೇ ಪ್ರಾರಂಭಿಸಿದರು. ನಡೆದುದಿಷ್ಟೆ: ಮಾವನವರು ಒತ್ತಿದ್ದುದು ಹಳೆಯ ನುಡಿ ತಂತ್ರಾಂಶದಲ್ಲಿ. ಅದರ ಆ ಕಾಲದ ಅಕ್ಷರಮಾದರಿಗಳು ಇಂಗ್ಲಿಷ್ ಅಕ್ಷರಗಳ ಮನೆಗಳಲ್ಲಿ ಕನ್ನಡವನ್ನು ಕೂರಿಸಿದಂಥವು. ಆ ಅಕ್ಷರಮಾದರಿ ಇಲ್ಲದ ಯಂತ್ರಕ್ಕೆ ಅವು ಇಂಗ್ಲಿಷಾಗಿಯೇ ಕಾಣುತ್ತವೆ. ಈಗ ಎಲ್ಲ ಕಡೆಯೂ ಬಳಕೆಯಲ್ಲಿರುವ ಯೂನಿಕೋಡಿಗೆ ಅವನ್ನು ಪರಿವರ್ತಿಸುವ ಸಾಧನಗಳು ಸುಲಭವಾಗಿ ಸಿಕ್ಕುತ್ತವೆ. ಒತ್ತಕ್ಷರಗಳಲ್ಲಿ ಅಲ್ಲಲ್ಲಿ ತಪ್ಪುಗಳಾದರೂ ಸಂಜೆಯ ವೇಳೆಗೆ ಹಾಡುಗಳು ಕನ್ನಡದಲ್ಲಿ ಕುಳಿತಿದ್ದವು. ಹಳೆಯ ನುಡಿ, ಬರಹಗಳ ಕಡತಗಳಿರುವ ಮನೆ ಕರ್ನಾಟಕದಲ್ಲಿ ಎಷ್ಟಿವೆಯೋ! ಪರಿವರ್ತಿಸಲು ಬಲ್ಲವರು ಇರುವಾಗಲೇ ಆ ಕೆಲಸ ಮುಗಿಸಿಕೊಳ್ಳುವುದು ಒಳ್ಳೆಯದು.

ಬರಹವೇನೋ ಬಂದಿತು. ಧ್ವನಿ? ಮಗಳಿಗೆ ಕೇಳಿಸಲೆಂದು ವಾಟ್ಸ್ಆ್ಯಪ್ಪಿನಲ್ಲಿ ಆಗಾಗ ಕಳುಹಿಸಿದ್ದ ನಲವತ್ತು ಹಾಡುಗಳು ಆಕೆಯ ಮೊಬೈಲಿನಿಂದ ಹಿಂದಿರುಗಿದವು. ಕೋಳಿ, ಗಿರಣಿ ಎಲ್ಲವೂ ಸಹಿತವಾಗಿಯೇ. ಈಗ ಆ ಗದ್ದಲ ಯಾರಿಗೂ ಬೇಡವೆನಿಸಲಿಲ್ಲ. ಉಳಿದವು ಬರಲಿಲ್ಲ.

ಈಗ ಮಾವನವರ ಏರ್ಪಾಡು ಹೀಗಿದೆ. ಯಂತ್ರದಲ್ಲಿ ಒಂದು ಪ್ರತಿ. ಹೊರಗಿನ ಡಿಸ್ಕಿನಲ್ಲಿ ಒಂದು. ಅದನ್ನು ಭಾನುವಾರ ಬೆಳಿಗ್ಗೆ ಜೋಡಿಸಿ, ಕೆಲಸವಾದೊಡನೆ ಬಿಚ್ಚಿ ಅತ್ತೆಯವರ ಕೈಗೆ ಕೊಡುತ್ತಾರೆ. ಅವರು ಅದನ್ನು ರೇಷ್ಮೆಸೀರೆಗಳ ಕೆಳಗಿಡುತ್ತಾರೆ. ಮೂರನೆಯದು ಪುಣೆಯಲ್ಲಿ, ಮಗಳ ಮನೆಯಲ್ಲಿ. ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದಾದರೂ ಬೇರೆಯ ಊರಿನಲ್ಲಿ, ಎಂದು ಪೀಟರ್ ಕ್ರೋಗ್ ಎಂಬ ಅಮೆರಿಕದ ಛಾಯಾಗ್ರಾಹಕರು ಬಳಕೆಗೆ ತಂದ ಸೂತ್ರವಿದೆ. ಮಾವನವರದು ಹೆಚ್ಚುಕಡಿಮೆ ಅದೇ. 2020ರ ಅಕ್ಟೋಬರಿನಲ್ಲಿ ಭೀಮೆ ಉಕ್ಕಿದುದನ್ನು ಕಂಡವರಿಗೆ ಬೇರೆಯ ಊರು ಏಕೆಂದು ವಿವರಿಸಬೇಕಾಗಿಲ್ಲ. ಇದಕ್ಕಿಂತ ನನಗೆ ಮೆಚ್ಚುಗೆಯಾದುದು ಇನ್ನೊಂದು ಪದ್ಧತಿ. ಪ್ರತಿ ಅಮಾವಾಸ್ಯೆಯಂದು ಅವರು ಸೀರೆಗಳ ಕೆಳಗಿನ ಡಿಸ್ಕಿನಿಂದ, ಕಣ್ಣು ಮುಚ್ಚಿ, ಯಾವುದಾದರೊಂದು ಹಾಡನ್ನು ಆರಿಸಿ ತೆರೆಯುತ್ತಾರೆ. ಓದಲು ಬಂದರೆ, ಕೇಳಲು ಬಂದರೆ ಆ ತಿಂಗಳಿಗೆ ನಿಶ್ಚಿಂತೆ. ಯಾವ ತಂತ್ರಾಂಶವೂ ಅವರಿಗೆ ಇದನ್ನು ಕಲಿಸಲಿಲ್ಲ.

ಅಜ್ಜಿಯ ಹಾಡು ಮಾತ್ರ ಎಲ್ಲಿಯೂ ಸಿಕ್ಕಲಿಲ್ಲ. ಅದನ್ನು ಯಾರಿಗೂ ಕಳುಹಿಸಿರಲಿಲ್ಲ, ಬರೆದುಕೊಂಡೂ ಇರಲಿಲ್ಲ. ಹೋದ ತಿಂಗಳು ನಾನು ಹೋದಾಗ ಅತ್ತೆಯವರು ಅಡುಗೆಮನೆಯಲ್ಲಿ ಜೋಳದ ಹಿಟ್ಟು ನಾದುತ್ತ ಅದನ್ನು ಗುನುಗಿಕೊಳ್ಳುತ್ತಿದ್ದರು. ಸೊಸೆಯಾಗಿ ಬಂದ ಹೊಸದರಲ್ಲಿ ಅತ್ತೆಯೊಡನೆ ಬೀಸುಕಲ್ಲಿನ ಮುಂದೆ ಕುಳಿತು ಕಲಿತದ್ದಂತೆ. ಮಾವನವರು ಮೊಬೈಲನ್ನು ಹಿಟ್ಟಿನ ಡಬ್ಬಿಗೆ ಒರಗಿಸಿಟ್ಟು ಮುದ್ರಿಸಿಕೊಂಡರು. ನಡುವಿನ ಎರಡು ಸಾಲು ಆಕೆಗೆ ನೆನಪಾಗಲಿಲ್ಲ. ಅಲ್ಲಿ ಸುಮ್ಮನೆ ರಾಗವನ್ನಷ್ಟೇ ಎಳೆದರು. ಸುರಪುರದಲ್ಲಿರುವ ನಮ್ಮ ದೊಡ್ಡಮ್ಮನಿಗೆ ಆ ಸಾಲುಗಳು ಬರಬಹುದೆಂದು ಮಾವನವರ ಊಹೆ. ಅಕ್ಕನಿಗೆ ಎಂಬತ್ತೆರಡು ವಯಸ್ಸು, ಕಿವಿ ಮಂದ. ಬರುವ ಗುರುವಾರ ಮೊದಲ ಬಸ್ಸಿಗೆ ಹೊರಡುವೆನೆಂದು ನಿನ್ನೆ ಫೋನಿನಲ್ಲಿ ಹೇಳಿದರು.